ಕುರ್ಚಿಯೇ ಪಣವಾದಾಗ: ಜಪಾನಿನ ಟಿವಿ ಧಾರಾವಾಹಿಗಳ ಬಿಗಿ ಎಲ್ಲಿಂದ ಬರುತ್ತದೆ

2013ರ ಸೆಪ್ಟೆಂಬರ್ 22ರ ಭಾನುವಾರ ರಾತ್ರಿ ಜಪಾನಿನ ಟಿಬಿಎಸ್ ವಾಹಿನಿಯಲ್ಲಿ ಒಂದು ಧಾರಾವಾಹಿಯ ಹತ್ತನೆಯ ಕಂತು, ಅಂದರೆ ಕೊನೆಯ ಕಂತು, ಪ್ರಸಾರವಾಯಿತು. ದೃಶ್ಯ ನಡೆಯುವುದು ಬ್ಯಾಂಕೊಂದರ ಆಡಳಿತ ಮಂಡಳಿಯ ಸಭೆಯಲ್ಲಿ. ಸೂಟು ತೊಟ್ಟ ನಿರ್ದೇಶಕರು ಸಾಲಾಗಿ ಕುಳಿತಿದ್ದಾರೆ. ಮಧ್ಯಮ ದರ್ಜೆಯ ಅಧಿಕಾರಿಯೊಬ್ಬ ದಾಖಲೆಗಳನ್ನು ಒಂದೊಂದಾಗಿ ಮುಂದಿಟ್ಟು, ಬ್ಯಾಂಕಿನ ಅತ್ಯಂತ ಪ್ರಬಲ ನಿರ್ದೇಶಕನ ಅಕ್ರಮವನ್ನು ಬಯಲಿಗೆಳೆದಿದ್ದಾನೆ. ಈಗ ಆ ನಿರ್ದೇಶಕ, ಬಗ್ಗಲು ಒಪ್ಪದ ತನ್ನ ಮೈಯನ್ನು ತಾನೇ ಬಲವಂತವಾಗಿ ಮುರಿಯುತ್ತಿರುವವನಂತೆ, ನಡುಗುತ್ತ ಮೊಣಕಾಲೂರಿ ನೆಲಕ್ಕೆ ಹಣೆ ಹಚ್ಚುತ್ತಾನೆ. ಬಂದೂಕಿಲ್ಲ, ರಕ್ತವಿಲ್ಲ, ಯಾರೂ ಯಾರನ್ನೂ ಮುಟ್ಟುವುದೂ ಇಲ್ಲ. ಆದರೂ ಟೋಕಿಯೊ ಸುತ್ತಲಿನ ಕಾಂತೊ ಪ್ರದೇಶದಲ್ಲಿ ಆ ಕಂತಿನ ವೀಕ್ಷಣಾ ಪ್ರಮಾಣ ಶೇಕಡ 42.2ಕ್ಕೆ ಮುಟ್ಟಿತು. 1989ರಿಂದ 2019ರವರೆಗಿನ ಹೇಸೆ ಯುಗದಲ್ಲಿ ಖಾಸಗಿ ವಾಹಿನಿಗಳ ಬೇರಾವ ಧಾರಾವಾಹಿಯೂ ಆ ಎತ್ತರಕ್ಕೆ ಹೋಗಲಿಲ್ಲ.

ಆ ಧಾರಾವಾಹಿಯ ಹೆಸರು 'ಹನ್‌ಜಾವ ನಾವೋಕಿ'. ಜಪಾನಿನ ಇಂದಿನ ಟಿವಿ ಕಥನ ಇಷ್ಟು ತೀವ್ರವಾಗಿರುವುದೇಕೆ, ಆ ತೀವ್ರತೆ ನೋಡುಗರನ್ನು ಹೀಗೆ ಹಿಡಿದಿಡುವುದೇಕೆ ಎಂಬ ಪ್ರಶ್ನೆಗೆ ಉತ್ತರ ಹುಡುಕುವವರು ಈ ಬ್ಯಾಂಕಿನ ಕಥೆಯಿಂದಲೇ ಆರಂಭಿಸುವುದು ಒಳ್ಳೆಯದು. ತೀವ್ರತೆ ಎಂದೊಡನೆ ನಾವು ಸಾಮಾನ್ಯವಾಗಿ ಕೊಲೆ, ಅಪಹರಣ, ಸ್ಫೋಟಗಳನ್ನು ನೆನೆಯುತ್ತೇವೆ. ಜಪಾನಿನ ಕಥೆಗಾರರಿಗೆ ಅವೂ ಬೇಕು, ನಿಜ. ಆದರೆ ಅವರ ನಿಜವಾದ ಕೌಶಲ ಪಣದ ಆಯ್ಕೆಯಲ್ಲಿದೆ ಎಂಬುದು ನನ್ನ ಅಭಿಪ್ರಾಯ. ಪಾತ್ರವೊಂದು ಏನನ್ನು ಪಣಕ್ಕಿಟ್ಟಿದೆ ಎಂಬುದನ್ನು ಮೊದಲ ಕಂತಿನಲ್ಲೇ ಸ್ಪಷ್ಟಪಡಿಸುವುದು, ಆ ಪಣ ನೋಡುಗನ ಬದುಕಿನಲ್ಲೂ ಇರುವಂಥದ್ದೇ ಆಗಿರುವಂತೆ ನೋಡಿಕೊಳ್ಳುವುದು, ಅದು ನಿಜವಾಗಿಯೂ ಕೈತಪ್ಪಬಹುದು ಎಂದು ನಂಬಿಸುವುದು ಅವರಿಗೆ ಕರಗತವಾಗಿದೆ.

ಹನ್‌ಜಾವನ ಕಷ್ಟ ಏನೆಂದು ನೋಡಿ. ಒಸಾಕದ ಶಾಖೆಯೊಂದರಲ್ಲಿ ಅವನು ಸಾಲ ವಿಭಾಗದ ಮುಖ್ಯಸ್ಥ. ಶಾಖಾ ಮ್ಯಾನೇಜರ್ ಒತ್ತಾಯಿಸಿ, ಉಕ್ಕಿನ ಕಂಪನಿಯೊಂದಕ್ಕೆ ಅಡಮಾನವಿಲ್ಲದೆ 50 ಕೋಟಿ ಯೆನ್ ಸಾಲ ಕೊಡಿಸುತ್ತಾನೆ. ಕಂಪನಿಯ ಲೆಕ್ಕಪತ್ರಗಳೆಲ್ಲ ತಿದ್ದಿದಂಥವು; ಅದು ದಿವಾಳಿಯಾಗುತ್ತದೆ. ಹೊಣೆಯನ್ನು ಹನ್‌ಜಾವನ ಹೆಗಲಿಗೆ ಹೊರಿಸಲಾಗುತ್ತದೆ. 50 ಕೋಟಿಯನ್ನೂ ವಸೂಲು ಮಾಡದಿದ್ದರೆ ಅವನಿಗೆ ಕಾದಿರುವುದು 'ಶುಕ್ಕೋ'. ನೌಕರನನ್ನು ಅಂಗಸಂಸ್ಥೆಗೋ ಸಂಬಂಧಿತ ಕಂಪನಿಗೋ ಕಳುಹಿಸಿಬಿಡುವ ಏರ್ಪಾಡಿಗೆ ಜಪಾನಿನ ಕಚೇರಿಗಳಲ್ಲಿ ಈ ಹೆಸರು. ಕಾಗದದ ಮೇಲೆ ಅದು ನಿಯೋಜನೆ. ಈ ಕಥೆಯ ಬ್ಯಾಂಕಿನಲ್ಲಿ ಅದು ಮರಳಿ ಬರುವ ದಾರಿಯಿಲ್ಲದ ಪಯಣ. ನಮ್ಮ ಸರಕಾರಿ ಕಚೇರಿಗಳ ಭಾಷೆಯಲ್ಲಿ ಹೇಳುವುದಾದರೆ ಎತ್ತಂಗಡಿ, ಅದೂ ಇಡೀ ಜೀವಮಾನಕ್ಕೆ.

ಒಂದು ವರ್ಗಾವಣೆಯ ಆದೇಶಕ್ಕೆ ಮರಣದಂಡನೆಯಷ್ಟು ಭಾರ ಬರುವುದು ಹೇಗೆ ಎಂದು ತಿಳಿಯಲು ಜಪಾನಿನ ಉದ್ಯೋಗ ವ್ಯವಸ್ಥೆಯ ಚರಿತ್ರೆ ಗೊತ್ತಿರಬೇಕು. ಎರಡನೆಯ ಮಹಾಯುದ್ಧದ ನಂತರದ ದಶಕಗಳಲ್ಲಿ ದೊಡ್ಡ ಕಂಪನಿಗಳು ಕಾಲೇಜಿನಿಂದ ನೇರವಾಗಿ ಆರಿಸಿಕೊಂಡ ಯುವಕರನ್ನು ನಿವೃತ್ತಿಯವರೆಗೂ ಇಟ್ಟುಕೊಳ್ಳುತ್ತಿದ್ದವು; ಸಂಬಳ ಸೇವಾವಧಿಯೊಂದಿಗೆ ಏರುತ್ತಿತ್ತು, ಮನೆಸಾಲ, ಮದುವೆ, ಊರಿನಲ್ಲಿ ಸಿಗುವ ಮರ್ಯಾದೆ ಎಲ್ಲಕ್ಕೂ ಕಂಪನಿಯ ಹೆಸರೇ ಆಧಾರವಾಗಿತ್ತು. ನಡುವಯಸ್ಸಿನಲ್ಲಿ ಅಲ್ಲಿಂದ ಹೊರಬಿದ್ದವನಿಗೆ ಅಂಥದೇ ಇನ್ನೊಂದು ಜಾಗ ಸಿಗುವುದು ದುರ್ಲಭ. 1989ರ ಕೊನೆಗೆ ನಿಕ್ಕಿ ಷೇರು ಸೂಚ್ಯಂಕ 38,915ಕ್ಕೆ ಏರಿ, ನಂತರ ಕುಸಿಯಿತು. 1997ರ ನವೆಂಬರಿನಲ್ಲಿ ಹೊಕ್ಕೈಡೊ ತಕುಶೊಕು ಬ್ಯಾಂಕ್, ಯಮೈಚಿ ಸೆಕ್ಯುರಿಟೀಸ್ ಎಂಬ ಎರಡು ಹಳೆಯ ಸಂಸ್ಥೆಗಳು ಒಂದೇ ತಿಂಗಳಲ್ಲಿ ಬಿದ್ದವು. ಉಳಿದ ದೊಡ್ಡ ಬ್ಯಾಂಕುಗಳು ಒಂದರೊಳಗೊಂದು ವಿಲೀನವಾದವು. ಹನ್‌ಜಾವನ ಕಾಲ್ಪನಿಕ ಬ್ಯಾಂಕೂ ಎರಡು ಬ್ಯಾಂಕುಗಳು ಸೇರಿ ಆದದ್ದು. ಹಳೆಯ ಎರಡು ಬಣಗಳು ಒಳಗೊಳಗೇ ಕಾದಾಡುತ್ತಲೇ ಇರುತ್ತವೆ. ಮೂಲ ಕಾದಂಬರಿಗಳನ್ನು ಬರೆದ ಇಕೆಯಿದೊ ಜುನ್ ಸ್ವತಃ ಬ್ಯಾಂಕಿನಲ್ಲಿ ಕೆಲಸ ಮಾಡಿದವರು. ಅಲ್ಲಿನ ಹಾಜರಿ, ತಪಾಸಣೆ, ಔತಣಕೂಟಗಳ ಕ್ರೌರ್ಯವನ್ನು ಒಳಗಿನಿಂದ ಕಂಡವರ ಬರವಣಿಗೆ ಅದು.

ಬಿಸಿಲಿರುವಾಗ ಕೊಡೆ ಕೊಟ್ಟು, ಮಳೆ ಬಂದಾಗ ಕಿತ್ತುಕೊಳ್ಳುವುದೇ ಬ್ಯಾಂಕಿನ ಕೆಲಸ ಎಂಬ ಮಾತು ಜಪಾನಿನಲ್ಲಿದೆ. ಧಾರಾವಾಹಿಯಲ್ಲಿಯೂ ಅದು ಬರುತ್ತದೆ. ಹನ್‌ಜಾವನ ತಂದೆ ಸಣ್ಣ ಸ್ಕ್ರೂ ಕಾರ್ಖಾನೆ ನಡೆಸುತ್ತಿದ್ದವನು. ಬ್ಯಾಂಕು ಸಾಲ ನಿಲ್ಲಿಸಿದಾಗ ನೇಣು ಹಾಕಿಕೊಳ್ಳುತ್ತಾನೆ. ಮಗ ಅದೇ ಬ್ಯಾಂಕಿಗೆ ಸೇರುತ್ತಾನೆ. ಹೀಗೆ ಒಂದು ವಸೂಲಿ ಕಡತದ ಹಿಂದೆ ಒಂದು ಹೆಣ ನಿಂತಿರುತ್ತದೆ. ಜಪಾನಿನ ಟಿವಿ ಬರಹಗಾರರು ಈ ಜೋಡಣೆಯಲ್ಲಿ ಬಹಳ ನುರಿತವರು. ಲೆಕ್ಕಪತ್ರದಂಥ ಒಣ ವಿಷಯವನ್ನು ಅವರು ಸರಳಗೊಳಿಸಿ ತೆಳುವಾಗಿಸುವುದಿಲ್ಲ. ನೋಡುಗ ಆಯವ್ಯಯ ಪತ್ರವನ್ನು ಓದಲು ಕಲಿಯುವಂತೆ ಮಾಡಿ, ಆಮೇಲೆ ಅದರಲ್ಲಿನ ಒಂದೇ ಒಂದು ಸುಳ್ಳು ಅಂಕಿಯಿಂದ ಅವನ ಎದೆ ಬಡಿತ ಹೆಚ್ಚಿಸುತ್ತಾರೆ. ಅದೇ ಲೇಖಕರ ಕಥೆಯನ್ನಾಧರಿಸಿ 2015ರಲ್ಲಿ ಬಂದ 'ಶಿತಾಮಾಚಿ ರಾಕೆಟ್'ನಲ್ಲಿ ಟೋಕಿಯೊದ ಸಣ್ಣ ಕಾರ್ಖಾನೆಯೊಂದರ ರಾಕೆಟ್ ಕವಾಟ ಪಣವಾಗುತ್ತದೆ. 2017ರ 'ರಿಕುವೊ'ದಲ್ಲಿ ಸಾಂಪ್ರದಾಯಿಕ ಕಾಲುಚೀಲ ಹೊಲಿಯುವ ನೂರು ವರ್ಷದ ಮನೆತನವೊಂದು ಓಟದ ಶೂ ತಯಾರಿಸಲು ಹೊರಟು, ಇದ್ದಬದ್ದದ್ದನ್ನೆಲ್ಲ ಒತ್ತೆಯಿಡುತ್ತದೆ.

ಇವೆಲ್ಲ ತೀರ ಹೊಸ ಸರಕು ಎಂದು ತಿಳಿಯಬೇಕಾಗಿಲ್ಲ. ಟಿಬಿಎಸ್ ವಾಹಿನಿಯಲ್ಲೇ 1969ರಿಂದ 2011ರವರೆಗೆ 'ಮಿತೊ ಕೋಮೊನ್' ಎಂಬ ಐತಿಹಾಸಿಕ ಧಾರಾವಾಹಿ ನಡೆಯಿತು. ಮಾರುವೇಷದಲ್ಲಿ ಊರೂರು ಸುತ್ತುವ ವೃದ್ಧ ರಾಜಬಂಧುವೊಬ್ಬ ಪ್ರತಿ ಕಂತಿನ ಕೊನೆಯಲ್ಲಿ ತನ್ನ ಮನೆತನದ ಲಾಂಛನವಿರುವ ಪೆಟ್ಟಿಗೆಯನ್ನು ತೋರಿಸಿದ ಕೂಡಲೇ, ಅಲ್ಲಿಯವರೆಗೆ ಮೆರೆಯುತ್ತಿದ್ದ ದುಷ್ಟ ಅಧಿಕಾರಿಗಳು ನೆಲಕ್ಕೆ ಬಿದ್ದು ತಲೆಬಾಗುತ್ತಿದ್ದರು. ಆ ಧಾರಾವಾಹಿ ಮುಗಿದು ಎರಡು ವರ್ಷವಾಗುವಷ್ಟರಲ್ಲಿ ಹನ್‌ಜಾವ ಬಂದ. ಲಾಂಛನದ ಪೆಟ್ಟಿಗೆಯ ಜಾಗದಲ್ಲಿ ಸಾಲದ ದಾಖಲೆ ಬಂತು, ಕಿಮೊನೊ ಹೋಗಿ ಸೂಟು ಬಂತು, ನೆಲಕ್ಕೆ ಹಣೆ ಹಚ್ಚುವ 'ದೊಗೆಜಾ' ಮಾತ್ರ ಹಾಗೆಯೇ ಉಳಿಯಿತು. ನಿರ್ದೇಶಕ ಫುಕುಜಾವ ಕಾತ್ಸುವೊ ಈ ನಂಟನ್ನು ಬಚ್ಚಿಡಲಿಲ್ಲ. ಕಬುಕಿ ರಂಗಭೂಮಿಯ ನಟರನ್ನೇ ಮುಖ್ಯ ಪಾತ್ರಗಳಿಗೆ ಕರೆತಂದರು, 2020ರ ಎರಡನೆಯ ಭಾಗದಲ್ಲಿ ಇನ್ನೂ ಹೆಚ್ಚು ಮಂದಿಯನ್ನು. ಕಬುಕಿಯಲ್ಲಿ ಭಾವ ಉತ್ತುಂಗಕ್ಕೇರಿದಾಗ ನಟ ಕಣ್ಣರಳಿಸಿ, ಮೈ ಬಿಗಿದು, ಒಂದು ಗಳಿಗೆ ಶಿಲ್ಪದಂತೆ ನಿಲ್ಲುತ್ತಾನೆ. ಅದಕ್ಕೆ 'ಮಿಯೆ' ಎನ್ನುತ್ತಾರೆ. ಯಕ್ಷಗಾನದ ಬಣ್ಣದ ವೇಷವನ್ನು ಹತ್ತಿರದಿಂದ ನೋಡಿ ಬೆಳೆದವರಿಗೆ ಆ ಕಣ್ಣುಗಳ ಉರಿ ಅಪರಿಚಿತವೆನಿಸದು. ಅದನ್ನು ಟಿವಿಯ ಚೌಕಟ್ಟು ತುಂಬುವಷ್ಟು ಹತ್ತಿರದ ಚಿತ್ರಿಕೆಯಲ್ಲಿ, ಬ್ಯಾಂಕ್ ಅಧಿಕಾರಿಯ ಮುಖದ ಮೇಲೆ ಇಟ್ಟಾಗ ಆಗುವ ಪರಿಣಾಮವನ್ನು ಜಪಾನಿನ ನೋಡುಗರು 'ಮುಖದ ಕಲೆ' ಎಂಬ ಅರ್ಥದ ಪದದಿಂದಲೇ ಕರೆಯುತ್ತಾರೆ.

ಹನ್‌ಜಾವನ ಹೆಸರಾದ ಮಾತು 'ಬೈಗಾಯೆಶಿ'. ಕೊಟ್ಟದ್ದನ್ನು ಎರಡರಷ್ಟು ಮಾಡಿ ಹಿಂದಿರುಗಿಸುವುದು ಎಂದರ್ಥ. 2013ರ ವರ್ಷದ ಜನಪ್ರಿಯ ಪದಗಳಿಗೆ ಸಲ್ಲುವ ಪ್ರಶಸ್ತಿ ಪಡೆದ ನಾಲ್ಕು ಪದಗಳಲ್ಲಿ ಇದೂ ಒಂದು. ಈ ಪದ ಸೇಡಿಗಷ್ಟೇ ಮೀಸಲಲ್ಲ. ಉಡುಗೊರೆಗೆ ಇಮ್ಮಡಿ ಉಡುಗೊರೆ ಕೊಡುವಾಗಲೂ, ಆಸ್ತಿ ಮಾರಾಟದಿಂದ ಹಿಂದೆ ಸರಿದ ಮಾರಾಟಗಾರ ಮುಂಗಡವನ್ನು ದುಪ್ಪಟ್ಟಾಗಿ ಮರಳಿಸುವಾಗಲೂ ಬಳಕೆಯಲ್ಲಿದೆ. ಕನ್ನಡದ 'ಮುಯ್ಯಿ'ಯೂ ಹಾಗೆಯೇ ಅಲ್ಲವೇ? ಮದುವೆ ಮನೆಯಲ್ಲಿ ಓದಿಸುವುದೂ ಮುಯ್ಯಿ, ಹಗೆ ತೀರಿಸುವುದೂ ಮುಯ್ಯಿ. ಎರಡು ಭಾಷೆಗಳೂ ಸೇಡನ್ನು ಲೆಕ್ಕ ಚುಕ್ತಾ ಮಾಡುವ ಕ್ರಿಯೆಯಾಗಿಯೇ ಕಂಡಿವೆ. ಬ್ಯಾಂಕಿನಲ್ಲಿ ನಡೆಯುವ ಸೇಡಿನ ಕಥೆಗೆ ಇದಕ್ಕಿಂತ ಒಪ್ಪುವ ಪದ ಸಿಗುವುದು ಕಷ್ಟ.

ಇನ್ನು ಕಾಲದ ವಿಷಯ. ಜಪಾನಿನ ಧಾರಾವಾಹಿಗಳು ಜನವರಿ, ಏಪ್ರಿಲ್, ಜುಲೈ, ಅಕ್ಟೋಬರ್‌ಗಳಲ್ಲಿ ಆರಂಭವಾಗುತ್ತವೆ, ವಾರಕ್ಕೊಂದು ಕಂತಿನಂತೆ ಹತ್ತು ಹನ್ನೊಂದು ವಾರ ನಡೆದು ನಿಲ್ಲುತ್ತವೆ. ಮುಗಿಯುವ ಕಾಲ ಎಲ್ಲರಿಗೂ ಮೊದಲೇ ಗೊತ್ತು. ನೂರಾರು, ಕೆಲವೊಮ್ಮೆ ಸಾವಿರಾರು ಕಂತು ಎಳೆಯುವ ನಮ್ಮ ಸಂಜೆಯ ಧಾರಾವಾಹಿಗಳಲ್ಲಿ ನಾಯಕಿ ಇಂದು ಸೋತರೂ ನಾಳೆ ಇದ್ದೇ ಇರುತ್ತಾಳೆ ಎಂಬ ಭರವಸೆ ನೋಡುಗನಿಗಿರುತ್ತದೆ. ಆ ಭರವಸೆಗೆ ತನ್ನದೇ ಆದ ಸುಖವೂ ಇದೆ. ಆದರೆ ಪಣ ಅಲ್ಲಿ ಸಡಿಲಾಗುತ್ತದೆ. ಹತ್ತೇ ಕಂತುಗಳ ಕಥೆಯಲ್ಲಿ ಪ್ರತಿಯೊಂದು ಕಂತೂ ಒಟ್ಟು ಆಯುಷ್ಯದ ಹತ್ತನೆಯ ಒಂದು ಪಾಲು. ನಿಪ್ಪೊನ್ ಟಿವಿಯ 'ಮೂರನೆಯ ವರ್ಷದ ಎ ತರಗತಿ' 2019ರಲ್ಲಿ ಈ ಲೆಕ್ಕವನ್ನೇ ಕಥೆಯಾಗಿಸಿತು. ಪದವಿ ಸಮಾರಂಭಕ್ಕೆ ಹತ್ತು ದಿನವಿರುವಾಗ ಚಿತ್ರಕಲೆಯ ಮೇಷ್ಟ್ರೊಬ್ಬ ತನ್ನ ತರಗತಿಯ ವಿದ್ಯಾರ್ಥಿಗಳನ್ನೇ ಒತ್ತೆಯಾಳಾಗಿಸಿಕೊಂಡು, ಆತ್ಮಹತ್ಯೆ ಮಾಡಿಕೊಂಡ ಸಹಪಾಠಿಯ ಸಾವಿಗೆ ಕಾರಣವೇನೆಂದು ಅವರನ್ನೇ ಕೇಳುತ್ತಾನೆ. ಶಾಲೆಯ ಕೊಠಡಿಯಲ್ಲಿ ಸಿಕ್ಕಿಬಿದ್ದ ಮಕ್ಕಳ ಕಥೆ ಕೊನೆಗೆ ತಲುಪುವುದು ಜಾಲತಾಣಗಳಲ್ಲಿ ನಾವು ಯೋಚಿಸದೆ ಬರೆಯುವ ಮಾತುಗಳ ಭಾರಕ್ಕೆ.

ಪಣ ನಿಜವಾಗಬೇಕಾದರೆ ಕಥೆಗಾರ ಒಮ್ಮೆಯಾದರೂ ಅದನ್ನು ಕಳೆಯಬೇಕು. ಈ ವಿಷಯದಲ್ಲಿ ನನಗೆ ಅತ್ಯಂತ ಮೆಚ್ಚುಗೆಯಾದದ್ದು 2021ರ 'ಟೋಕಿಯೊ ಎಂಇಆರ್'. ಶಸ್ತ್ರಚಿಕಿತ್ಸೆಯ ಕೊಠಡಿಯನ್ನೇ ಹೊತ್ತ ವಾಹನದೊಂದಿಗೆ ಅಪಘಾತ, ಬೆಂಕಿ, ಕುಸಿತಗಳ ನಡುವೆ ನುಗ್ಗುವ ವೈದ್ಯರ ತಂಡದ ಕಥೆ ಅದು. ಒಬ್ಬರನ್ನೂ ಸಾಯಗೊಡಬಾರದು ಎಂಬುದು ತಂಡದ ಧ್ಯೇಯ. ಪ್ರತಿ ಕಂತಿನ ಕೊನೆಗೆ ನಿಯಂತ್ರಣ ಕೊಠಡಿಯಲ್ಲಿ ಎಲ್ಲರೂ ಒಂದೇ ಘೋಷಣೆಗೆ ಕಾಯುತ್ತಾರೆ: ಸತ್ತವರ ಸಂಖ್ಯೆ, ಸೊನ್ನೆ. ವಾರದಿಂದ ವಾರಕ್ಕೆ ಆ ಸೊನ್ನೆ ನೋಡುಗನಿಗೆ ಅಭ್ಯಾಸವಾಗುತ್ತದೆ. ಇದು ಸುಲಭದ ಸುಖಾಂತ್ಯ ಎಂಬ ಅಸಡ್ಡೆಯೂ ಮೂಡಬಹುದು. ಕೊನೆಗೂ ಸೊನ್ನೆ ಒಂದಾಗುತ್ತದೆ, ಸತ್ತವಳು ತಂಡದ ನಾಯಕನ ತಂಗಿ. ಅಷ್ಟೂ ವಾರಗಳ ಸೊನ್ನೆಗಳೆಲ್ಲ ಆ ಒಂದಕ್ಕಾಗಿ ಕೂಡಿಟ್ಟ ಬಂಡವಾಳವಾಗಿದ್ದವು ಎಂದು ಆಗ ಅರಿವಾಗುತ್ತದೆ. ನಿಪ್ಪೊನ್ ಟಿವಿಯ 2019ರ 'ಮುಂದಿನ ಸರದಿ ನಿಮ್ಮದು' ಇನ್ನೂ ನಿರ್ದಯವಾಗಿ ವರ್ತಿಸಿತು. ವಸತಿ ಸಮುಚ್ಚಯದ ನಿವಾಸಿಗಳು ಸಾಯಬೇಕೆಂದು ತಾವು ಬಯಸುವವರ ಹೆಸರನ್ನು ಚೀಟಿಯಲ್ಲಿ ಬರೆದು ಆಡಿದ ಆಟ ನಿಜವಾಗತೊಡಗುತ್ತದೆ. ಆರು ತಿಂಗಳ ಆ ಧಾರಾವಾಹಿಯ ಮೊದಲರ್ಧ ಮುಗಿಯುವಾಗ ಇಬ್ಬರು ಮುಖ್ಯ ಪಾತ್ರಗಳಲ್ಲಿ ಒಬ್ಬಳಾದ ಹೆಂಡತಿಯೇ ಸತ್ತಿರುತ್ತಾಳೆ.

ಈ ಕೊನೆಯ ಧಾರಾವಾಹಿ ಹೊಸದೊಂದು ರೂಢಿಗೂ ಬಲ ಕೊಟ್ಟಿತು. ಜಪಾನಿನಲ್ಲಿ ಅದಕ್ಕೆ 'ಕೋಸಾತ್ಸು' ಎನ್ನುತ್ತಾರೆ. ಪರಿಶೀಲನೆ, ಊಹೆಯ ವಿಚಾರಣೆ ಎನ್ನಬಹುದು. ಎರಡು ಕಂತುಗಳ ನಡುವಿನ ಆರು ದಿನಗಳಲ್ಲಿ ನೋಡುಗರು ಹಿನ್ನೆಲೆಯಲ್ಲಿ ಕಂಡ ಗಡಿಯಾರ, ಮೇಜಿನ ಮೇಲಿನ ಲೋಟ, ಒಂದು ಹೆಸರಿನ ಬರಹದ ರೀತಿ ಇವನ್ನೆಲ್ಲ ಕೆದಕಿ ಕೊಲೆಗಾರ ಯಾರೆಂದು ವಾದಿಸುತ್ತಾರೆ. 2015ರಲ್ಲಿ ಆರಂಭವಾದ ಟಿವರ್ ಸೇವೆಯಲ್ಲಿ ತಪ್ಪಿದ ಕಂತನ್ನು ಉಚಿತವಾಗಿ ನೋಡಬಹುದಾದ್ದರಿಂದ, ಗಂಟೆ ನೋಡಿ ಟಿವಿಯ ಮುಂದೆ ಕೂರುವ ಅಗತ್ಯ ಕಡಿಮೆಯಾಗಿದೆ. ವಾಹಿನಿಗಳು ಅದಕ್ಕೆ ಕಂಡುಕೊಂಡ ಮದ್ದುಗಳಲ್ಲಿ ಗುಟ್ಟು ಒಂದು. 2023ರ 'ವಿವಾನ್' ಪ್ರಸಾರಕ್ಕೆ ಮುನ್ನ ತಾರಾಗಣವನ್ನು ಹೇಳಿತೇ ಹೊರತು ಕಥೆಯನ್ನು ಹೇಳಲೇ ಇಲ್ಲ. ಹನ್‌ಜಾವನಾಗಿದ್ದ ಸಕಾಯ್ ಮಸಾತೊ ಅಲ್ಲಿ ವ್ಯಾಪಾರಿ ಸಂಸ್ಥೆಯ ಮೆತ್ತನೆಯ ನೌಕರ. ಒಂದು ಕೋಟಿ ಡಾಲರ್ ಕಳುಹಿಸಬೇಕಾದಲ್ಲಿ ಹತ್ತು ಕೋಟಿ ಹೋಗಿಬಿಡುತ್ತದೆ. ಹೆಚ್ಚುವರಿ ಹಣವನ್ನು ಮರಳಿ ತರಲು ಅವನು ಕಾಲ್ಪನಿಕ ದೇಶವೊಂದಕ್ಕೆ ಹೋಗಿ, ಮಂಗೋಲಿಯಾದಲ್ಲಿ ಚಿತ್ರಿಸಿದ ಮರುಭೂಮಿಯಲ್ಲಿ ಪ್ರಾಣ ಉಳಿಸಿಕೊಳ್ಳಲು ಓಡುತ್ತಾನೆ. ಅವನು ನಿಜಕ್ಕೂ ರಹಸ್ಯ ದಳದವನು ಎಂಬುದು ನಾಲ್ಕು ವಾರ ಕಳೆದ ಮೇಲೆ ತಿಳಿಯುತ್ತದೆ. ಇಷ್ಟು ದೊಡ್ಡ ಕಥೆಯ ಬೀಜವೂ ಮತ್ತೆ ಕಚೇರಿಯ ಒಂದು ತಪ್ಪು ರವಾನೆಯೇ ಎಂಬುದನ್ನು ಗಮನಿಸಬೇಕು. ಅದರ ಕೊನೆಯ ಕಂತಿನ ಪ್ರಮಾಣ ಶೇಕಡ 19.6. ಹತ್ತು ವರ್ಷಗಳ ಹಿಂದಿನ 42.2ರ ಅರ್ಧಕ್ಕಿಂತ ಕಡಿಮೆ, ಆದರೂ ಈ ಕಾಲಕ್ಕೆ ಅದು ಭಾರಿ ಯಶಸ್ಸು.

ಜಪಾನಿನ ಹೊರಗಿನವರು, ಬೆಂಗಳೂರು ಮಂಗಳೂರುಗಳ ಯುವಕರೂ ಸೇರಿ, ಈ ಕಥನವನ್ನು ಬಹುಪಾಲು ನೆಟ್‌ಫ್ಲಿಕ್ಸ್ ಮೂಲಕ ಕಂಡವರು. 2020ರ ಡಿಸೆಂಬರಿನಲ್ಲಿ ಬಂದ 'ಆಲಿಸ್ ಇನ್ ಬಾರ್ಡರ್‌ಲ್ಯಾಂಡ್'ನಲ್ಲಿ ಸದಾ ಗಿಜಿಗುಡುವ ಶಿಬುಯಾ ವೃತ್ತ ಕ್ಷಣದಲ್ಲಿ ನಿರ್ಜನವಾಗುತ್ತದೆ. ಅದಕ್ಕಾಗಿ ತೊಚಿಗಿ ಪ್ರಾಂತದ ಅಶಿಕಾಗಾ ನಗರದಲ್ಲಿ ಆ ವೃತ್ತವನ್ನೇ ಮರುನಿರ್ಮಿಸಿದ್ದರು. ಅಲ್ಲಿ ಉಳಿದವರು ಆಟ ಆಡಿ ಗೆದ್ದರಷ್ಟೇ ಇನ್ನಷ್ಟು ದಿನ ಬದುಕಲು 'ವೀಸಾ' ಸಿಗುತ್ತದೆ. ಆಟದ ಬಗೆಯನ್ನು ಇಸ್ಪೀಟಿನ ಎಲೆ ಹೇಳುತ್ತದೆ. ಇಸ್ಪೀಟು ಮೈಬಲಕ್ಕೆ, ಕಳಾವರ ಒಗ್ಗಟ್ಟಿಗೆ, ಡೈಮಂಡ್ ಬುದ್ಧಿಗೆ, ಆಟೀನು ನಂಬಿಕೆ ದ್ರೋಹಕ್ಕೆ. ಮೂರನೆಯ ಕಂತಿನಲ್ಲಿ ಆಟೀನಿನ ಏಳು ಬರುತ್ತದೆ, ನಾಯಕನ ಇಬ್ಬರು ಜೀವದ ಗೆಳೆಯರು ಅವನನ್ನು ಉಳಿಸಿ ತಾವು ಸಾಯುತ್ತಾರೆ. ಎಷ್ಟೋ ಸಾವುಗಳಿರುವ ಈ ಸರಣಿಯಲ್ಲಿ ನೆನಪಿನಲ್ಲಿ ಉಳಿಯುವುದು ಆ ಸಾವುಗಳೇ, ಏಕೆಂದರೆ ಅಲ್ಲಿ ಸೋತದ್ದು ಪ್ರಾಣಕ್ಕಿಂತ ಹೆಚ್ಚಿನದು. ಮುಂದಿನ ಭಾಗಗಳಲ್ಲಿ ಆಟಗಳು ದೊಡ್ಡದಾದಷ್ಟೂ ಪಣ ಹಗುರವಾಯಿತು ಎಂದು ನನಗನಿಸಿದೆ. ಇದಕ್ಕೆ ವಿರುದ್ಧವಾಗಿ, 2024ರ 'ಟೋಕಿಯೊ ಸ್ವಿಂಡ್ಲರ್ಸ್'ನ ಅತ್ಯಂತ ಉಸಿರುಗಟ್ಟಿಸುವ ಕ್ಷಣ, ನಕಲಿ ಭೂಮಾಲೀಕನಾಗಿ ಕುಳಿತ ಮುದುಕನೊಬ್ಬನಿಗೆ ಗುರುತು ಖಚಿತಪಡಿಸಿಕೊಳ್ಳಲು ಸಣ್ಣಪುಟ್ಟ ಪ್ರಶ್ನೆ ಕೇಳುವ ದೃಶ್ಯ. ಆ ಕಥೆಯ ಹಿಂದೆ 2017ರಲ್ಲಿ ಟೋಕಿಯೊದ ಗೊತಾಂದಾದಲ್ಲಿ ನಡೆದ ನಿಜವಾದ ಭೂವಂಚನೆಯಿದೆ. ದೊಡ್ಡ ವಸತಿ ನಿರ್ಮಾಣ ಕಂಪನಿಯೊಂದು ಅದರಲ್ಲಿ ಸುಮಾರು 550 ಕೋಟಿ ಯೆನ್ ಕಳೆದುಕೊಂಡಿತು.

ಇಷ್ಟು ಮೆಚ್ಚಿದ ಮೇಲೆ ನನ್ನನ್ನು ಕಾಡುವ ಸಂಗತಿಯನ್ನೂ ಹೇಳಬೇಕು. ದೊಗೆಜಾ ದೃಶ್ಯಕ್ಕೆ ದೇಶವೇ ಚಪ್ಪಾಳೆ ತಟ್ಟುತ್ತಿದ್ದ 2013ರಲ್ಲೇ, ಸಪ್ಪೊರೊ ನಗರದ ಬಟ್ಟೆ ಅಂಗಡಿಯೊಂದರಲ್ಲಿ ಗ್ರಾಹಕಿಯೊಬ್ಬರು ನೌಕರರಿಂದ ದೊಗೆಜಾ ಮಾಡಿಸಿ, ಅದರ ಚಿತ್ರವನ್ನು ಜಾಲತಾಣದಲ್ಲಿ ಹಾಕಿ, ಬಂಧನಕ್ಕೊಳಗಾದರು. ಧಾರಾವಾಹಿಯಿಂದಲೇ ಹಾಗಾಯಿತು ಎನ್ನಲಾರೆ. ಆದರೆ ಪರದೆಯ ಮೇಲೆ ನಿರ್ದೇಶಕ ಬಾಗಿದಾಗ ನ್ಯಾಯವಾಗಿ ಕಂಡದ್ದು, ದಿನಗೂಲಿಗೆ ನಿಂತ ಹುಡುಗಿ ಬಾಗಿದಾಗ ಏನೆಂದು ಕಾಣುತ್ತದೆ? ಕಚೇರಿಗಳಲ್ಲಿ ಮೇಲಧಿಕಾರಿಗಳ ಕಿರುಕುಳವನ್ನು ತಡೆಯುವ ಹೊಣೆಯನ್ನು ದೊಡ್ಡ ಕಂಪನಿಗಳ ಮೇಲೆ ಹೊರಿಸುವ ಕಾನೂನು ಜಾರಿಗೆ ಬಂದದ್ದು 2020ರ ಜೂನಿನಲ್ಲಿ. ಕೋವಿಡ್‌ನಿಂದ ತಡವಾದ ಹನ್‌ಜಾವನ ಎರಡನೆಯ ಭಾಗ ಆರಂಭವಾದದ್ದು ಅದರ ಮರುತಿಂಗಳು. ಕಾನೂನು ಬೇಡವೆಂದ ಅಬ್ಬರ, ಬೈಗುಳ, ಮೇಜು ಗುದ್ದುವಿಕೆಗಳೇ ಪರದೆಯ ಮೇಲೆ ಇನ್ನಷ್ಟು ಜೋರಾಗಿದ್ದವು. ಪೀಡಿತರ ಪರವಾಗಿ ನಿಂತ ಕಥೆಯೂ ಪೀಡಕನ ಭಾಷೆಯಲ್ಲೇ ಮಾತಾಡುವ ಸಂಕಟ ಇದು. ಹೆಂಗಸರ ಸ್ಥಾನವೂ ಯೋಚಿಸುವಂಥದ್ದು. ಮೊದಲ ಭಾಗದಲ್ಲಿ ಹನ್‌ಜಾವನ ಹೆಂಡತಿ ಚುರುಕಾಗಿ, ಬ್ಯಾಂಕ್ ನೌಕರರ ಹೆಂಡತಿಯರ ಕೂಟದಲ್ಲಿ ಸುದ್ದಿ ಸಂಗ್ರಹಿಸುತ್ತಾಳೆ, ಗಂಡನಿಗೆ ಧೈರ್ಯ ಹೇಳುತ್ತಾಳೆ. ಆದರೆ ಪಣಕ್ಕಿಡಲು ಅವಳದೇ ಆದ ಕುರ್ಚಿ ಅವಳಿಗಿಲ್ಲ. 2012ರಿಂದ ಟಿವಿ ಅಸಾಹಿಯಲ್ಲಿ ನಡೆದ 'ಡಾಕ್ಟರ್ ಎಕ್ಸ್'ನ ಶಸ್ತ್ರವೈದ್ಯೆಗೆ ಅದಿದೆ. ಅವಳು ಯಾವ ಆಸ್ಪತ್ರೆಯ ಖಾಯಂ ನೌಕರಿಗೂ ಸೇರದೆ ಆ ಸ್ವಾತಂತ್ರ್ಯವನ್ನು ಗಳಿಸಿಕೊಂಡವಳು.

ತೀವ್ರತೆಯೇ ಜಪಾನಿನ ಟಿವಿಯ ಪೂರ್ತಿ ಚಿತ್ರವೇನಲ್ಲ. ಮಧ್ಯವಯಸ್ಸಿನ ವ್ಯಾಪಾರಿಯೊಬ್ಬ ಇಂದು ಯಾವ ಹೋಟೆಲಿನಲ್ಲಿ ಏನು ತಿನ್ನಲಿ ಎಂಬುದಕ್ಕಿಂತ ದೊಡ್ಡ ಪ್ರಶ್ನೆಯೇ ಇಲ್ಲದ ಧಾರಾವಾಹಿಯೂ ಅಲ್ಲಿ 2012ರಿಂದ ಪ್ರೀತಿಯಿಂದ ನಡೆದುಬಂದಿದೆ.

ಜಪಾನಿನಲ್ಲಿ ಅತಿ ಹೆಚ್ಚು ಬಾರಿ ಮರಳಿ ಹೇಳಲಾದ ಸೇಡಿನ ಕಥೆಗಳಲ್ಲೊಂದು 47 ಸಮುರಾಯಿಗಳದು. 1701ರಲ್ಲಿ ಎದೊ ಕೋಟೆಯೊಳಗೆ ಕತ್ತಿ ಹಿರಿದ ತಪ್ಪಿಗೆ ಅವರ ಒಡೆಯ ಹೊಟ್ಟೆ ಸೀಳಿಕೊಂಡು ಸಾಯಬೇಕಾಯಿತು. 1703ರ ಜನವರಿಯ ಹಿಮದ ರಾತ್ರಿಯಲ್ಲಿ ಅವರು ಸೇಡು ತೀರಿಸಿಕೊಂಡರು. 1748ರಲ್ಲಿ ಒಸಾಕದ ಬೊಂಬೆಯಾಟದ ರಂಗಕ್ಕೆ ಬಂದ ಆ ಕಥೆ ಕಬುಕಿಗೂ ಸಿನಿಮಾಕ್ಕೂ ಟಿವಿಗೂ ಹರಿಯಿತು. ಗೆದ್ದವರಿಗೆ ಸಿಕ್ಕಿದ್ದೇನು? ಒಡೆಯನಿಗೆ ಸಿಕ್ಕಿದ ಶಿಕ್ಷೆಯೇ. ಹನ್‌ಜಾವನ ಕೊನೆಯ ಕಂತಿನಲ್ಲಿ ದೊಗೆಜಾ ಮುಗಿದ ಮೇಲೂ ಒಂದು ದೃಶ್ಯ ಉಳಿದಿರುತ್ತದೆ. ಬ್ಯಾಂಕಿನ ಅಧ್ಯಕ್ಷನ ಕೊಠಡಿಗೆ ಅವನನ್ನು ಕರೆಸುತ್ತಾರೆ. ಅಕ್ರಮ ಎಸಗಿದ ನಿರ್ದೇಶಕನಿಗೆ ಹಿಂಬಡ್ತಿಯಷ್ಟೇ ಆಗಿದೆ, ಅವನು ಮಂಡಳಿಯಲ್ಲೇ ಉಳಿದಿದ್ದಾನೆ. ಹನ್‌ಜಾವನಿಗೆ ಬಡ್ತಿ ಸಿಗುವುದೆಂದು ದೇಶವೆಲ್ಲ ಕಾದಿದೆ. ಅಧ್ಯಕ್ಷ ಆದೇಶ ಓದುತ್ತಾನೆ: ಅಂಗಸಂಸ್ಥೆಯಾದ ಷೇರು ವ್ಯವಹಾರ ಕಂಪನಿಗೆ ಶುಕ್ಕೋ. ಕ್ಯಾಮೆರಾ ಅವನ ಮುಖದ ಹತ್ತಿರ ಹೋಗುತ್ತದೆ, ಕಣ್ಣುಗಳು ತುಂಬಿಕೊಳ್ಳುವಷ್ಟು ಹತ್ತಿರ, ಮತ್ತು ಅಲ್ಲಿಗೆ ಧಾರಾವಾಹಿ ಮುಗಿಯುತ್ತದೆ. ಮುಂದೇನಾಯಿತೆಂದು ಟಿವಿಯಲ್ಲಿ ತಿಳಿಯಲು ಜನ ಏಳು ವರ್ಷ ಕಾದರು.